ಚಿಟ್ಟೆಯ ಊರು ಗುರುತಿಡುವ ಬಂಡೆಮ್ಮ

ಬೆಳಕು ಹರಿಯುವ ಹೊತ್ತು. ಮಾನ್ವಿಯ ಕೆರೆಯಂಚಿನ ಎಕ್ಕದ ಗಿಡಗಳ ನಡುವೆ ಬಂಡೆಮ್ಮ ಉಸಿರು ಬಿಗಿಹಿಡಿದು ಕೂತಿದ್ದಾರೆ. ಇಬ್ಬನಿಗೆ ರೆಕ್ಕೆ ತೊಯ್ದು ಹಾರಲಾರದ ಚಿಟ್ಟೆಯನ್ನು ಎರಡು ಬೆರಳಲ್ಲಿ ಎತ್ತಿ, ಮುಕ್ಕೋನವಾಗಿ ಮಡಿಸಿದ ಕಾಗದದೊಳಗೆ ಇಡುತ್ತಾರೆ. ಮೇಲೆ ಇದ್ದಿಲಿನ ಗುರುತು: ದೇವದುರ್ಗಕ್ಕೆ ಒಂದು ಗೀರು, ಮಾನ್ವಿಗೆ ಎರಡು, ಕವಿತಾಳಕ್ಕೆ ಸೊನ್ನೆ. ಅಷ್ಟರಲ್ಲಿ ರಸ್ತೆಯಲ್ಲಿ ಲಾರಿ ಸದ್ದು. ಪೊಟ್ಟಣ ಗಬಕ್ಕನೆ ಸೆರಗು ಸೇರುತ್ತದೆ.

"ಕಾಲ ಬದಲಾತು ಅಂತಾರ್ರೀ. ಎದಿ ಮಾತ್ರ ಇನ್ನೂ ಡವಡವ ಅಂತದ."

ಕೂಲಿಯ ಹೆಣ್ಣುಮಗಳು, ಅಕ್ಷರ ಬಾರದು. ಇಂಥವರ ಕೈಯಲ್ಲಿ ವಿಜ್ಞಾನವಿದೆ ಎಂದರೆ ನಗುವವರಿದ್ದಾರೆ, ನಗಲಿ. ರಾಯಚೂರಿನ ಡ್ರಾಯಿಂಗ್ ಮಾಸ್ತರ ವಲಿ ಪಾಷಾ ಈ ಸೀಮೆಯ ಚಿಟ್ಟೆಗಳ ಚಿತ್ರ ಬರೆದು, ಯಾವುದು ಎಲ್ಲಿ ಸಿಗುತ್ತದೆಂದು ಪುಸ್ತಕ ಮಾಡುತ್ತಿದ್ದಾರೆ. ಆರು ವರ್ಷದಿಂದ ಚಿಟ್ಟೆ ಒದಗಿಸುವವರು ಬಂಡೆಮ್ಮ. ದಿನಕ್ಕೆ ಮೂರು ಹರದಾರಿ ನಡಿಗೆ. ಒಂದು ಜಾತಿಗೆ ಎರಡೇ, ಮೂರನೆಯದನ್ನು ಮುಟ್ಟುವುದಿಲ್ಲ.

ಹೋದ ವರ್ಷ, ನಲವತ್ತೆಂಟರ ಶ್ರಾವಣ. ರಜಾಕಾರರ ಭಯಕ್ಕೆ ಜನ ಹಗಲಲ್ಲೇ ಅಗಳಿ ಹಾಕುತ್ತಿದ್ದ ದಿನಗಳು. ರಾಯಚೂರಿನ ತಪಾಸಣೆ ನಾಕಾದಲ್ಲಿ ಬಂದೂಕಿನವನೊಬ್ಬ ಬಂಡೆಮ್ಮನ ಪೊಟ್ಟಣಗಳ ಬುಟ್ಟಿ ತಡೆದ.

"ಈ ಗೀರು, ಸೊನ್ನಿ ಏನು? ಯಾರಿಗೆ ಖಬರ್ ಒಯ್ಯಾಕತ್ತಿ?"

ಬಂಡೆಮ್ಮ ಗುರುತುಗಳ ಅರ್ಥ ಹೇಳಿದರು. ಅವನು ನಂಬಲಿಲ್ಲ. ಒಂದೊಂದೇ ಪೊಟ್ಟಣ ಎತ್ತಿ, ಬಿಚ್ಚುವ ಮೊದಲು ಒಳಗೇನು, ಯಾವ ಊರಿನದು ಎಂದು ಕೇಳಿದ. ತಪ್ಪಿದರೆ ಹಿಡಿದೊಯ್ಯುವುದೇ. ಇಪ್ಪತ್ತನ್ನು ಸರಿಯಾಗಿ ಹೇಳಿದರು. ಇಪ್ಪತ್ತೊಂದನೆಯದಕ್ಕೆ ಗುರುತು ಹಾಕುವುದೇ ಮರೆತುಹೋಗಿತ್ತು. ಹಿಡಿದ ದಿನ ಬೂಟಿನ ಸದ್ದು ಕೇಳಿ ಓಡಿದ್ದರು. ಒಳಗಿನದು ನೀಲಿ ಎಂಬುದಷ್ಟೇ ನೆನಪು.

"ಒಳಗ ನೀಲಿ ಅದರಿ ಅಂದೆ. ಊರು ಬಾಯಿಗೆ ಬಂದಂಗ ದೇವದುರ್ಗ ಅಂದುಬಿಟ್ಟೆ."

ಬಿಚ್ಚಿದ. ನೀಲಿಯೇ. ಬಣ್ಣ ಸರಿಹೋಯಿತೆಂದು, ಗುರುತಿಲ್ಲದ್ದನ್ನು ಲೆಕ್ಕಿಸದೆ ಹೋಗು ಎಂದ.

ಅದೇ ನೀಲಿ ಕಂಡು ಮಾಸ್ತರರು ಹಿಗ್ಗಿದರು. ಐದು ವರ್ಷ ಕಾದರೂ ಸಿಗದ ಜಾತಿ ಅದು. ಪೆನ್ಸಿಲ್ ಹಿಡಿದು ಊರು ಕೇಳಿದರು. ಗೊತ್ತಿಲ್ಲವೆಂದರೆ ಇದ್ದ ಕೆಲಸವೂ ಹೋದೀತು ಎಂದು ಬಂಡೆಮ್ಮನಿಗೆ ನಾಕಾದಲ್ಲಿ ಆಗಿದ್ದಕ್ಕಿಂತ ಹೆಚ್ಚು ಹೆದರಿಕೆಯಾಯಿತು.

"ಬಂದೂಕಿಗೆ ಸುಳ್ಳು ಹೇಳೀನ್ರಿ ಮಾಸ್ತರ, ನಿಮ್ಮ ಪುಸ್ತಕಕ್ಕ ಹೇಳಂಗಿಲ್ಲ. ಇದರ ಊರು ನಂಗ ಗೊತ್ತಿಲ್ಲ," ಅಂದರು.

ಮಾಸ್ತರರು ಪೆನ್ಸಿಲ್ ಕೆಳಗಿಟ್ಟರು. ಪುಸ್ತಕದಲ್ಲಿ ಆ ನೀಲಿಯ ಊರಿನ ಜಾಗ ಇನ್ನೂ ಖಾಲಿಯಿದೆ. ಬಂಡೆಮ್ಮನ ಕೆಲಸವೇನೂ ಹೋಗಲಿಲ್ಲ. ಅಂದಿನಿಂದ ಬಂಡೆಮ್ಮ ಕೆರೆಕೆರೆ ಸುತ್ತುತ್ತಿರುವುದು ಆ ನೀಲಿಗಾಗಿ.

"ಇನ್ನೊಂದು ಸಲ ಸಿಕ್ಕರ ಸಾಕ್ರಿ. ಮೊದ್ಲ ಗುರುತು ಹಾಕ್ತೀನಿ. ಆಮ್ಯಾಲ ಅಂಜ್ತೀನಿ."