ಹಳೆ ನಕ್ಷೆ ಉಳಿದ ಕಡೆ

ನಮ್ಮ ಯಜಮಾನರನ್ನು ಜನ ನಕ್ಷೆಯಣ್ಣ ಅಂತ ಕರೆಯುತ್ತಾರೆ. ಹಳೆ ಕಾರುಗಳಲ್ಲಿ ದಾರಿ ಹೇಳುವ ಪುಟ್ಟ ಯಂತ್ರ ಇರುತ್ತದಲ್ಲ, ಮಾಡಿದವರೇ ಕೈಬಿಟ್ಟ ಅಂಥ ಯಂತ್ರಗಳಿಗೆ ಹೊಸ ನಕ್ಷೆ ತುಂಬುವುದು ಅವರ ಕಸುಬು. ಅದೇ ಅಂಗಡಿಯ ಮೂಲೆಯಲ್ಲಿ ನಾನು ಸೀಟಿನ ಕವರ್ ಹೊಲಿಯುತ್ತೇನೆ. ಊರಿಗೆಲ್ಲ ದಾರಿ ತೋರಿಸುವ ಈ ಮಹಾನುಭಾವರಿಗೆ ಮನೆಯಲ್ಲಿ ಕನ್ನಡಕ ಎಲ್ಲಿದೆ ಅಂತ ನಾನೇ ಹೇಳಬೇಕು.

ಹಳೆ ಯಂತ್ರದ ಹೊಟ್ಟೆ ಚಿಕ್ಕದು, ಹೊಸ ನಕ್ಷೆ ಪೂರ್ತಿ ಹಿಡಿಸುವುದಿಲ್ಲ. ಅದಕ್ಕೇ ಇವರು ಪ್ರತಿ ಗಿರಾಕಿಯನ್ನೂ ಕೇಳುತ್ತಾರೆ: "ನೀವು ಯಾವ ಕಡೆ ಹೋಗೋದೇ ಇಲ್ಲ?" ಅವರು ಹೇಳಿದ ಕಡೆಗೆ ಹಳೆ ನಕ್ಷೆಯನ್ನೇ ಬಿಟ್ಟು, ಉಳಿದದ್ದಕ್ಕೆ ಹೊಸದು ಹಾಕುತ್ತಾರೆ.

ನನ್ನ ನಾದಿನಿ ಮನೆಮನೆಗೆ ಹೋಗಿ ಹಾಸಿಗೆ ಹಿಡಿದವರನ್ನು ನೋಡಿಕೊಳ್ಳುವ ನರ್ಸು. ಹೋದ ತಿಂಗಳು ಅವಳ ಕಾರಿಗೂ ಇವರೇ ನಕ್ಷೆ ಹಾಕಿದರು. ಒಡಹುಟ್ಟಿದವಳನ್ನು ಕೇಳುವುದೇನು, ಅವಳು ಆ ಕಡೆ ಹೋಗುವುದಿಲ್ಲವಲ್ಲ ಅಂತ ತಾವೇ ನದಿ ಮತ್ತು ಅದರಾಚೆಯ ಭಾಗವನ್ನು ಹಳೆಯದಾಗಿಯೇ ಬಿಟ್ಟರು.

ಆವತ್ತು ಬೆಳಗ್ಗೆಯಿಂದ ದಟ್ಟ ಮಂಜು. ಹತ್ತು ಗಂಟೆಗೆ ನಾದಿನಿ ಫೋನ್ ಮಾಡಿ, "ಅತ್ತಿಗೆ, ನದಿಯಾಚೆ ಹೊಸ ರೋಗಿ ಸಿಕ್ಕಿದಾರೆ. ಹೊರಟಿದೀನಿ, ಊಟಕ್ಕೆ ನಿಮ್ಮಲ್ಲಿಗೇ ಬರ್ತೀನಿ" ಅಂದಳು. ಹೊಲಿಯುತ್ತಲೇ ಆ ಮಾತನ್ನು ಇವರಿಗೆ ದಾಟಿಸಿದೆ. ಇವರು ಕೈಲಿದ್ದ ಯಂತ್ರ ಕೆಳಗಿಟ್ಟರು.

"ಅವಳ ನಕ್ಷೇಲಿ ಹಳೇ ಸೇತುವೆ ಇನ್ನೂ ಇದೆ ಕಣೇ."

ಆ ಸೇತುವೆ ಕೆಡವಿ ವರ್ಷವಾಗಿತ್ತು. ಅಡ್ಡ ಇಟ್ಟಿದ್ದ ಡ್ರಮ್ಮುಗಳನ್ನೂ ಯಾರೋ ಹೊತ್ತೊಯ್ದಿದ್ದರು. ಆ ಕಡೆ ಕಾಲಿಡದ ಅವಳಿಗೆ ಇದು ಯಾವುದೂ ಗೊತ್ತಿರಲಿಲ್ಲ.

ಅಂಗಡಿಗೆ ಬೀಗ ಹಾಕದೆ ಹೊರಟೆವು. ಇವರು ಗಾಡಿ ಓಡಿಸಿದರು, ನಾನು ಮೇಲಿಂದ ಮೇಲೆ ಫೋನ್ ಮಾಡಿದೆ. ರಿಂಗಾಗುತ್ತಿತ್ತು, ಅವಳು ಎತ್ತುತ್ತಿರಲಿಲ್ಲ. ಕಾರು ಓಡಿಸುವಾಗ ಫೋನ್ ಮುಟ್ಟಬೇಡ ಅಂತ ಬುದ್ಧಿ ಹೇಳಿದವಳು ನಾನೇ. ಆಮೇಲೆ ರಿಂಗೂ ನಿಂತುಹೋಯಿತು. ಬಾಯಿಂದ ಕೆಟ್ಟ ಮಾತು ಬರದಿರಲಿ ಅಂತ ತುಟಿ ಕಚ್ಚಿಕೊಂಡೆ.

ನದಿ ಹತ್ತಿರ ಗಾಡಿ ನಿಲ್ಲಿಸಿ ನಡೆದೆವು. ಮಂಜಿನಲ್ಲಿ ಮೊದಲು ಕಂಡದ್ದು ಅವಳ ಕಾರಿನ ಎರಡು ಕೆಂಪು ದೀಪ. ಮುಂದಿನ ಚಕ್ರದಿಂದ ರಸ್ತೆ ಮುಗಿಯುವಲ್ಲಿಗೆ ಎರಡೇ ಮೊಳ. ಅವಳು ಪಕ್ಕದಲ್ಲಿ ನೆಲದ ಮೇಲೆ ಕೂತಿದ್ದಳು.

"ಫೋನ್ ಬಡ್ಕೋತಾನೇ ಇತ್ತು. ಮನೇಲಿ ಏನೋ ಆಗಿದೆ ಅಂತ ಕಾರು ನಿಲ್ಲಿಸ್ದೆ. ತೆಗೆಯೋಷ್ಟರಲ್ಲಿ ಕಟ್ಟಾಯ್ತು. ಸಿಗ್ನಲ್ ನೋಡೋಣ ಅಂತ ಇಳಿದ್ರೆ..." ಅವಳು ರಸ್ತೆ ಮುಗಿದ ಕಡೆ ಕೈ ತೋರಿಸಿದಳು.

ಇವರು ಅವಳ ಪಕ್ಕ ಕೂತರು. "ಎಲ್ಲರನ್ನೂ ಕೇಳ್ತೀನಿ. ನಿನ್ನನ್ನ ಮಾತ್ರ ಕೇಳಲಿಲ್ಲ."

"ಕೇಳಿದ್ರೂ ಇದೇ ಕಡೆ ಬಿಡು ಅಂತಿದ್ದೆ ಅಣ್ಣ. ನಿನ್ನೆವರೆಗೂ ಇಲ್ಲಿಗೆ ಬರೋ ಮಾತೇ ಇರಲಿಲ್ಲ."

ಅವಳು ಸಮಾಧಾನಕ್ಕೆ ಹೇಳಿದ್ದು. ಇವರು ತಲೆಯೆತ್ತಿ ನನ್ನನ್ನು ನೋಡಿದರು. ಹೋಗೋದೇ ಇಲ್ಲ ಅಂತ ಒಂದೊಂದು ಕಡೆ ಬಿಡಿಸಿಕೊಂಡ ಗಿರಾಕಿಗಳು ಇನ್ನೂರಕ್ಕೂ ಮೇಲಿದ್ದರು. ಅವರಲ್ಲಿ ಯಾರು ಬೇಕಾದರೂ ಒಂದು ದಿನ ಆ ಕಡೆಗೇ ಹೊರಡಬಹುದಿತ್ತು.

ನಾದಿನಿಯ ಕಾರನ್ನು ಹಿಂದಕ್ಕೆ ತೆಗೆದು, ಇವರು ನಮ್ಮ ಗಾಡಿಯನ್ನು ರಸ್ತೆಗೆ ಅಡ್ಡ ನಿಲ್ಲಿಸಿದರು. ಮೂವರೂ ನಾದಿನಿಯ ಕಾರಿನಲ್ಲಿ ಸಿಗ್ನಲ್ ಸಿಗುವ ತಿರುವಿನವರೆಗೆ ಹಿಂದೆ ಬಂದೆವು. ಇವರು ಒಬ್ಬೊಬ್ಬ ಗಿರಾಕಿಯ ಹೆಸರು ಹೇಳತೊಡಗಿದರು, ನಾನು ನಂಬರ್ ಒತ್ತಿದೆ. ಮೊದಲನೆಯವರು ಎತ್ತಲಿಲ್ಲ.