ಹೊದಿಕೆಯೊಳಗಿನ ಅಜ್ಜ

ಚನಿಯ ಬರೆಯುತ್ತಿದ್ದ ಹಾಸ್ಯನಾಟಕಗಳಲ್ಲಿ ಕಾಯಿಲೆಯ ಅಜ್ಜನೊಬ್ಬ ಇದ್ದೇ ಇರುತ್ತಿದ್ದ. ಕಥೆ ಮದುವೆಯದಾಗಲಿ, ವೀಸಾದ್ದಾಗಲಿ, ರಂಗದ ಮೂಲೆಯಲ್ಲೊಂದು ಮಂಚ, ಅದರಲ್ಲಿ ತಲೆತನಕ ಹೊದ್ದು ಮಲಗಿದ ಅಜ್ಜ. ಆ ಅಜ್ಜ ಚನಿಯನೇ. ಹೊದಿಕೆಯೊಳಗೆ ಪುಟ್ಟ ಟಾರ್ಚು, ಸ್ಕ್ರಿಪ್ಟು. ಡ್ಯೂಟಿ ಮುಗಿಸಿ ಓಡಿಬರುವ ದುಬೈಯ ನಟರಿಗೆ ಬಾಯಿಪಾಠ ಮಾಡಲು ಪುರುಸೊತ್ತು ಎಲ್ಲಿಯದು? ಅಜ್ಜ ಒಳಗಿಂದ ಪಿಸುಗುಟ್ಟಿದ್ದನ್ನು ಅವರು ಗಟ್ಟಿಯಾಗಿ ಹೇಳುತ್ತಿದ್ದರು.

ಹಗಲಲ್ಲಿ ಅವನು ಅಲ್ ಕುಸೈಸ್‌ನ ಗೋದಾಮೊಂದರಲ್ಲಿ ಸ್ಟೋರ್‌ಕೀಪರ್. ಬರೆಯುವುದೆಲ್ಲ ಮೆಟ್ರೋದಲ್ಲಿ, ಮೊಬೈಲಿನಲ್ಲಿ. ತಾನು ಬರೆದದ್ದಕ್ಕೆ ತಾನೇ ನಕ್ಕಾಗ ಪಕ್ಕದವರು ಸರಿದು ಕೂತದ್ದೂ ಉಂಟು. ಹೆಂಡತಿ ಹರಿಣಾಕ್ಷಿಗೆ ಅದೂ ಒಂದು ಚಿಂತೆ. ಅವಳ ಚಿಂತೆಗಳಿಗೆ ಬರವಿರಲಿಲ್ಲ: ಮಗಳು ಅಮಿತಾಳ ಶೀತ, ಎ.ಸಿ.ಯ ಧೂಳು, ಆ ದಪ್ಪ ಹೊದಿಕೆಯೊಳಗೆ ಗಂಡ ಉಸಿರಾಡುವುದು ಹೇಗೆ ಎಂಬುದು.

ಈ ವರ್ಷ ಅಬುಧಾಬಿಯ ಖಾಲಿದಿಯಾದ ಕನ್ನಡಿಗರ ಸಂಘದವರು ಮೊದಲ ಬಾರಿಗೆ ನಾಟಕಕ್ಕೆ ಕರೆದಿದ್ದರು. ದುಬೈಯಲ್ಲಿ ನಗುವವರೆಲ್ಲ ಗುರುತಿನವರು, ದಾಕ್ಷಿಣ್ಯಕ್ಕೆ ನಗುತ್ತಾರೆಂಬ ಸಂಶಯ ಚನಿಯನಿಗೆ ಮೊದಲಿಂದಲೂ ಇತ್ತು. "ಅಲ್ಲಿಯೂ ನಗದಿದ್ರೆ ಖಲಾಸ್ ಮಾರಾಯ್ತಿ, ಮತ್ತೆ ನಾನು ಬರೆಯುವುದಿಲ್ಲ," ಎಂದಿದ್ದ. ಬರೆಯದ ಚನಿಯನನ್ನು ಹರಿಣಾಕ್ಷಿ ಲಾಕ್‌ಡೌನಿನಲ್ಲಿ ನೋಡಿದ್ದಳು. ಇನ್ನೊಮ್ಮೆ ನೋಡುವ ಧೈರ್ಯ ಅವಳಿಗಿರಲಿಲ್ಲ.

ನಾಟಕ ಶುರುವಾಯಿತು. ಮಾವನ ಪಾತ್ರದ ರೋಷನ್ ಬಾಯಿ ತೆರೆಯುವ ಮೊದಲೇ ಅವನ ಮಾತು ಸಭಾಂಗಣಕ್ಕೆಲ್ಲ ಕೇಳಿಸಿತು. ಮಂಚದ ನೇರ ಮೇಲೆ ಮೈಕ್ ತೂಗುತ್ತಿತ್ತು, ಯಾರೂ ಗಮನಿಸಿರಲಿಲ್ಲ. ಅಜ್ಜ ಹೇಳಿದ್ದನ್ನೇ ಮಾವ ಹೇಳಿದ. ಮತ್ತೆ ಅಜ್ಜ, ಮತ್ತೆ ಮಾವ. ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು. ಮಗಳೊಂದಿಗೆ ಮುಂದಿನ ಸಾಲಿನಲ್ಲಿ ಕೂತಿದ್ದ ಹರಿಣಾಕ್ಷಿಗೆ ಗೊತ್ತಾಯಿತು, ನಗುತ್ತಿರುವುದು ನಾಟಕಕ್ಕಲ್ಲ, ಇವರ ಪೇಚಾಟಕ್ಕೆ. ಅಷ್ಟರಲ್ಲಿ ಹೊದಿಕೆ ಮೌನವಾಯಿತು. ರೋಷನ್ ಕಂಗಾಲಾಗಿ ಮಂಚದತ್ತ ನೋಡಿದ.

"ಪಪ್ಪ ಸ್ಲೀಪಿಂಗಾ?" ಎಂದಳು ಅಮಿತಾ.

ಆಗ ಹೊದಿಕೆಯೊಳಗಿಂದ ಸ್ಕ್ರಿಪ್ಟಿನಲ್ಲಿಲ್ಲದ ಮಾತು ಬಂತು: "ನನಗೆ ಒಂದಕ್ಷರ ನೆನಪಿಲ್ಲ."

"ನನಗೆ ಒಂದಕ್ಷರ ನೆನಪಿಲ್ಲ," ಎಂದ ರೋಷನ್, ಅಭ್ಯಾಸಬಲದಿಂದ.

"ಎಲ್ಲ ಆ ಅಜ್ಜನೇ ಹೇಳಿಕೊಡುವುದು."

ಅದನ್ನೂ ಗಟ್ಟಿಯಾಗಿ ಹೇಳಿ ಮುಗಿಸಿದ ಮೇಲೆ ರೋಷನ್ ಬಾಯಿಗೆ ಕೈಯಿಟ್ಟುಕೊಂಡ. ಸಭಾಂಗಣ ಬಿದ್ದು ಬಿದ್ದು ನಕ್ಕಿತು. ಅಲ್ಲಿಂದ ಚನಿಯ ಬರೆದದ್ದನ್ನು ಬದಿಗಿಟ್ಟು, ಮಲಗಿದಲ್ಲೇ ಹೊಸ ನಾಟಕ ಕಟ್ಟಿದ. ಮಾವ ತನ್ನ ಜಿಪುಣತನವನ್ನು ತಾನೇ ಬೈದುಕೊಂಡ, ಅಜ್ಜನ ಕಾಲೊತ್ತಿದ, "ಅಜ್ಜನಿಗೆ ಚಹಾ ತರ್ತೇನೆ," ಎಂದು ಹೇಳಿಬಿಟ್ಟು ನಿಜವಾಗಿಯೂ ಹೋಗಿ ತರಬೇಕಾಯಿತು. ನಕ್ಕು ಕಣ್ಣೊರೆಸಿಕೊಳ್ಳುವಾಗ ಹರಿಣಾಕ್ಷಿಗೆ ಹೊಳೆಯಿತು, ಇಷ್ಟು ಹೊತ್ತು ಮಗಳ ಹಣೆ ಮುಟ್ಟಿ ನೋಡಿಯೇ ಇಲ್ಲ.

ಪರದೆ ಬಿದ್ದ ಮೇಲೆ ಸಂಘದ ಖೈರುನ್ನಿಸ ಓಡಿಬಂದರು. "ಬರುವ ವರ್ಷವೂ ಅಜ್ಜ ಬೇಕು ಆಯ್ತಾ. ಕಥೆಯಲ್ಲಿ ಅವರನ್ನು ಸಾಯಿಸಿಬಿಡಬೇಡಿ."

ಅಂಗಿಯೆಲ್ಲ ಒದ್ದೆಯಾಗಿದ್ದ ಚನಿಯ ಹೆಂಡತಿಯ ಮುಖ ನೋಡಿದ. ಅವಳು ಮಗಳ ಟವಲಿನಿಂದ ಅವನ ಕತ್ತು ಒರೆಸಿದಳು.

"ಬರುವ ವರ್ಷ ತೆಳ್ಳಗಿನ ಹೊದಿಕೆ ಸಾಕು ಮಾರಾಯ್ರೆ. ಹೀಗೆ ಬೆವತು ಎ.ಸಿ.ಗೆ ಬಂದ್ರೆ ಶೀತ ಆಗದೆ ಇರ್ತದಾ?"