ನಾ ಬಿದ್ರ ಯಾರು?

ಹೋದ ತಿಂಗಳು ಒಂದು ಸಂಜೆ ಜೇವರ್ಗಿಯ ನಮ್ಮ ಮನೆಯ ಕಟ್ಟೆಯ ಮೇಲೆ ಮೂವರು ಕುಳಿತಿದ್ದೆವು. ನಾನು, ಪಕ್ಕದ ಮನೆಯ ಶಿವಲೀಲಾ, ನಾನು ಕಲಿಸುವ ಸಾಲಿಯಲ್ಲೇ ಎಂಟನೆಯ ಇಯತ್ತೆ ಓದುವ ಅವಳ ಮಗಳು ಸಾವಿತ್ರಿ. ಶಿವಲೀಲಾ ಮೊರದಲ್ಲಿ ತೊಗರಿಬೇಳೆ ಹಸನು ಮಾಡುತ್ತಿದ್ದಳು. ನಾನು ಅವಳಿಗೆ ನೆರವಾಗುವವಳ ಹಾಗೆ ಕೂತು ಬರೀ ಮಾತಾಡುತ್ತಿದ್ದೆ. ಸಾವಿತ್ರಿ ಇತಿಹಾಸದ ಪುಸ್ತಕ ತೊಡೆಯ ಮೇಲಿಟ್ಟುಕೊಂಡು, ಕಣ್ಣು ಮುಚ್ಚಿ, ಹಿಂದೆ ಮುಂದೆ ತೂಗುತ್ತಾ ಬಾಯಿಪಾಠ ಮಾಡುತ್ತಿದ್ದಳು. ಸೇನಾಪತಿ ಆನೆಯ ಮೇಲಿಂದ ಉರುಳಿದ, ಅಂಬಾರಿ ಖಾಲಿ ಕಂಡಿತು, ಸೈನ್ಯ ದಿಕ್ಕಾಪಾಲಾಗಿ ಓಡಿತು. ಎರಡು ಸಲ ತಡೆದುಕೊಂಡೆ. ಮೂರನೆಯ ಸಲ ಸೈನ್ಯ ಓಡಲು ಶುರುಮಾಡಿದಾಗ ಬಾಯಿ ಸುಮ್ಮನಿರಲಿಲ್ಲ.

"ಯಾಕ ಓಡ್ತದವಾ ಅದು?" ಅಂದೆ.

"ಸೇನಾಪತಿ ಬಿದ್ನಲ್ರಿ ಟೀಚರ್."

"ಒಬ್ಬ ಬಿದ್ರ ಎಲ್ಲಾರೂ ಯಾಕ ಓಡಬೇಕು?"

ಹುಡುಗಿ ಪುಟ ಹಿಂದೆ ಮುಂದೆ ತಿರುವಿದಳು. ಕೊನೆಗೆ ಖಾಲಿ ಅಂಬಾರಿ ಹೊತ್ತು ನಿಂತ ಆನೆಯ ಚಿತ್ರವನ್ನೇ ನನ್ನ ಮುಂದೆ ಹಿಡಿದಳು, ಆನೆಯನ್ನೇ ಕೇಳಿ ಎನ್ನುವ ಹಾಗೆ.

ಆ ಪ್ರಶ್ನೆ ನನ್ನದಲ್ಲ, ನನ್ನ ಕಾಕಾನದು. ಕಾಕಾನನ್ನು ನಿಮಗೆ ಪರಿಚಯ ಮಾಡಿಸದೆ ಮುಂದೆ ಹೋಗಲಾರೆ. ಹೋದರೆ ಅವನು ಇದ್ದಲ್ಲಿಂದಲೇ ಸೀಟಿ ಊದಿ ನಿಲ್ಲಿಸುತ್ತಾನೆ.

ನಮ್ಮೂರು ನರೋಣಾದಿಂದ ಆಳಂದದ ಕಡೆಗೆ ಹೋಗುವ ಹಾದಿಯಲ್ಲಿ, ರಸ್ತೆಯಿಂದ ಜರಾ ಒಳಗೆ ಇದೆ. ಹೆಸರು ಹೇಳಿದರೂ ನಿಮಗೆ ಗುರುತು ಹತ್ತಲಿಕ್ಕಿಲ್ಲ, ಅಷ್ಟು ಸಣ್ಣದು. ಅಪ್ಪನ ಒಬ್ಬನೇ ತಮ್ಮ ಮಿಲಿಟ್ರಿಗೆ ಹೋಗಿ, ಎಪ್ಪತ್ತರ ದಶಕದಲ್ಲಿ ಒಂದು ತಗಡಿನ ಟ್ರಂಕು, ಒಂದು ಸೀಟಿ ಮತ್ತು ಎಲ್ಲಿ ಬೇಕಾದರೂ ಉದುರುವ ಹಿಂದಿ ಮಾತುಗಳೊಂದಿಗೆ ಊರಿಗೆ ಮರಳಿದ. ಊರು ಕೂಡಲೇ ಅವನಿಗೆ ಬಡತಿ ಕೊಟ್ಟು ಸುಬೇದಾರ ಎಂದು ಕರೆಯತೊಡಗಿತು. ಅವನು ಸುಬೇದಾರನಾಗಿರಲಿಲ್ಲ, ನಾಯಕ್ ಆಗಿದ್ದ. ನೋಡಿ, ಕನ್ನಡದಲ್ಲಿ ನಾಯಕ ಅಂದರೆ ಎಲ್ಲರ ಮೇಲಿನವನು. ಮಿಲಿಟ್ರಿಯಲ್ಲಿ ನಾಯಕ್ ಅಂದರೆ ತೋಳಿನ ಮೇಲೆ ಎರಡು ಪಟ್ಟಿ, ಕೈಕೆಳಗೆ ಒಂದಿಷ್ಟು ಮಂದಿ, ತಲೆಯ ಮೇಲೆ ಇಡೀ ಸೈನ್ಯ. ಕಾಕಾ ಈ ಫರಕನ್ನು ತನಗೆ ಬೇಕಾದಂತೆ ಬಳಸಿಕೊಳ್ಳುತ್ತಿದ್ದ. ಪಂಚಾಯತಿ ಎಲೆಕ್ಷನ್ನಿಗೆ ನಿಂತವರು ಜನನಾಯಕ ಎಂದು ಹೇಳಿಸಿಕೊಂಡಾಗ, ಸರಕಾರ ಪಟ್ಟಿ ಹೊಲಿದುಕೊಟ್ಟ ಅಸಲಿ ನಾಯಕ ಊರಲ್ಲಿ ತಾನೊಬ್ಬನೇ ಎಂದು ಮೀಸೆ ತಿರುವುತ್ತಿದ್ದ.

ಅವನು ಗುಂಡು ಹಾರಿಸಿದ್ದು ಕಡಿಮೆ. ಉತ್ತರದ ಬೆಟ್ಟಗಳಲ್ಲಿ ಹೇಸರಗತ್ತೆಗಳ ಮೇಲೆ ರೇಷನ್ನು ಸಾಗಿಸುವ ಪಡೆಯಲ್ಲಿದ್ದ. ಹೇಸರಗತ್ತೆಗೆ ಅವನು ಖಚ್ಚರ್ ಎನ್ನುತ್ತಿದ್ದ, ಅದೂ ಬಹಳ ಮರ್ಯಾದೆಯಿಂದ. ಆ ಪಡೆಯಲ್ಲಿ ಒಂದು ರೂಢಿಯಿತ್ತಂತೆ. ಹಿಮದ ದಾರಿಗೆ ಹೊರಡುವ ಮೊದಲು ಸಾಹೇಬ ಎಲ್ಲರನ್ನೂ ಸಾಲಾಗಿ ನಿಲ್ಲಿಸಿ, ನಾನು ಬಿದ್ದರೆ ಯಾರು ಎಂದು ಕೇಳುತ್ತಿದ್ದ. ಒಬ್ಬ ಮುಂದೆ ಬಂದು 'ನಾನು' ಎನ್ನಬೇಕು. ಅವನು ಬಿದ್ದರೆ? ಇನ್ನೊಬ್ಬ 'ನಾನು' ಎನ್ನಬೇಕು. ಆಮೇಲೆಯೇ ಮೊದಲ ಹೆಜ್ಜೆ. ಒಮ್ಮೆ ಆ ಸಾಹೇಬ ನಿಜಕ್ಕೂ ಬಿದ್ದ, ಎರಡನೆಯವನೂ ಜ್ವರ ಬಂದು ಮಲಗಿದ, ಆದರೂ ರೇಷನ್ನು ಮೇಲೆ ತಲುಪಿತು ಎಂಬುದು ಕಾಕಾನ ಕಥೆ. ಯಾರು ತಲುಪಿಸಿದರು ಎಂಬುದು ಮಾತ್ರ ಹೇಳಿದಾಗೊಮ್ಮೆ ಬದಲಾಗುತ್ತಿತ್ತು.

"ಹ್ವಾದ ವಾರ ನೀ ನಾಕನೇದಾಂವ ಇದ್ದಿ, ಇವತ್ತ ಮೂರನೇದಾಂವ ಆಗೀದಿ," ಎಂದು ಅವ್ವ ಒಲೆಯ ಮುಂದಿನಿಂದಲೇ ಚುಚ್ಚುತ್ತಿದ್ದಳು. "ಬರೂ ಅಮಾಸಿಗೆ ಜನರಲ್ ಆಗ್ತಿ ನೋಡು."

"ಖರೆ ಹೇಳಬೇಕಂದ್ರ ವೈನಿ, ಕಡೀಗೆ ಖಚ್ಚರ್ ಮುಂದ ಹೋತು, ನಾವೆಲ್ಲಾ ಅದರ ಹಿಂದ ಹೋದ್ವಿ," ಎಂದು ಕಾಕಾ ಸೋಲೊಪ್ಪಿ ಇನ್ನೊಂದು ರೊಟ್ಟಿ ಹಾಕಿಸಿಕೊಳ್ಳುತ್ತಿದ್ದ.

ರೂಢಿಯೇನೋ ಒಳ್ಳೆಯದೇ. ಕಾಕಾ ಅದನ್ನು ಬೆಟ್ಟದಲ್ಲೇ ಬಿಟ್ಟು ಬರಬೇಕಿತ್ತು. ಅವನು ಊರಿಗೂ ತಂದ. ಬಣವೆ ಒಟ್ಟುವಾಗ ಮೇಲೇರಿದವನು ಬಿದ್ದರೆ ಯಾರು ಎಂದು ಕೇಳಿದ. ಮದುವೆಯ ಅಡಿಗೆಯವನನ್ನು ನೀ ಬಿದ್ದರೆ ಸೌಟು ಯಾರ ಕೈಗೆ ಎಂದು ಕೇಳಿದ, ಅವನು ಸೌಟು ಕೆಳಗಿಟ್ಟು ಸಿಟ್ಟುಮಾಡಿಕೊಂಡು ಕೂತ. ಅದೇ ಮದುವೆಯಲ್ಲಿ ಮದುಮಗ ಕುದುರೆ ಹತ್ತುತ್ತಿದ್ದಾಗ ಚಟದ ಬಲದಿಂದ 'ಇಂವ ಬಿದ್ರ ಯಾರು?' ಎಂದು ಕೇಳಿಬಿಟ್ಟ. ಹೆಣ್ಣಿನ ಕಡೆಯವರು ತೋಳೇರಿಸಿದರು. ಅವ್ವ ನಡುವೆ ನಿಂತು, ನಮ್ಮ ಮೈದುನನಿಗೆ ಬೆಟ್ಟದ ಗಾಳಿ ತಲೆಗೆ ಹತ್ತಿದೆ ಎಂದು ಬಿಡಿಸಿ ತಂದಳು. ಅಂದಿನಿಂದ ಆ ಅಪಶಕುನದ ಮಾತು ನಮ್ಮ ಹೊಸ್ತಿಲೊಳಗೆ ಬರಕೂಡದೆಂದು ಅವಳ ಹುಕುಂ ಆಯಿತು.

ಹೊಸ್ತಿಲ ಹೊರಗೆ ಕಟ್ಟೆಯಿತ್ತಲ್ಲ. ಸಂಜೆ ನಾನು ಅಲ್ಲಿ ಕೂತು ಇತಿಹಾಸ ಓದುವಾಗ ಕಾಕಾ ತಂಬಾಕು ತಿಕ್ಕುತ್ತಾ ಕೇಳುತ್ತಿದ್ದ. ಆನೆ ಬಂತೆಂದರೆ ಕೆರಳುತ್ತಿದ್ದ. ಯಾವ ಯುದ್ಧವಾದರೂ ಇರಲಿ, ಸೇನಾಪತಿ ಆನೆಯ ಮೇಲೆ ಕೂತಿದ್ದಾನೆಂದು ಕೇಳಿದ ಕೂಡಲೇ ಸೋಲು ಖಾತ್ರಿ ಎನ್ನುತ್ತಿದ್ದ.

"ಎಲ್ಲಾರಿಗೂ ಕಾಣಂಗ ಎತ್ತರದಾಗ ಕುಂತಾನ ಮಗಾ. ಎತ್ತರದಾಗ ಕುಂತ್ರ ಬಿದ್ದದ್ದೂ ಎಲ್ಲಾರಿಗೂ ಕಾಣ್ತದ. ಎರಡನೇದಾಂವ ಯಾರಂತ ಮೊದ್ಲೇ ಹೇಳಿದ್ರ ಆನಿ ಖಾಲಿ ಆದ್ರೇನು, ಮಂದಿ ಖಾಲಿ ಆಗ್ತದೇನು?"

ಆಗ ನಗುತ್ತಿದ್ದೆ. ಈಗ ನನಗೂ ಸಿಟ್ಟು ಬರುತ್ತದೆ. ಗೆದ್ದರೆ ಒಬ್ಬನ ಹೆಸರು, ಸೋತರೆ ಒಬ್ಬನ ಆನೆ, ಹೀಗೇ ಬರೆದಿಟ್ಟಿದ್ದಾರಲ್ಲ, ನಡುವೆ ಈಟಿ ಹಿಡಿದು ನಿಂತ ಅಷ್ಟು ಮಂದಿಯೇನು ಬೆದರುಗೊಂಬೆಗಳೇ? ಅವರಿಗೆ ಓಡುವುದೊಂದೇ ಬರುತ್ತಿತ್ತೆಂದು ನಾನು ನಂಬುವುದಿಲ್ಲ. ನಂಬದಿರಲು ಕಾರಣವಿದೆ, ಕೇಳಿ.

ನಾನು ಹತ್ತನೆಯ ಇಯತ್ತೆಯಲ್ಲಿದ್ದೆ. ಹೈಸ್ಕೂಲು ಆಳಂದದಲ್ಲಿ. ಊರಿನ ಹುಡುಗರು ಸೈಕಲ್ಲಿನ ಮೇಲೆ ಹೋಗುತ್ತಿದ್ದರು. ಹುಡುಗಿಯರಿಗೆ ನರೋಣಾ ಕಡೆಯಿಂದ ಬರುವ ಮುಂಜಾನೆಯ ಬಸ್ಸೊಂದೇ ಗತಿ. ಒಂದು ದಿನ ಆ ಬಸ್ಸಿಗೆ ಎಕ್ಸ್‌ಪ್ರೆಸ್ ಎಂಬ ಬೋರ್ಡು ಬಂತು. ಅಂದಿನಿಂದ ಅದು ನಮ್ಮ ಕ್ರಾಸಿನಲ್ಲಿ ನಿಲ್ಲದೆ, ನಮ್ಮ ಮುಖಕ್ಕೆ ಧೂಳು ಹಾರಿಸಿ ಹೋಗತೊಡಗಿತು. ಬಸ್ಸು ನಿಲ್ಲದೆ ಹೋದದ್ದಕ್ಕೆ ನಮ್ಮ ಸಾಲಿ ನಿಂತುಹೋಯಿತು. ಅಪ್ಪ ಕೆಟ್ಟವನಲ್ಲ, ಗಾಬರಿಯ ಮನುಷ್ಯ. ಅಫಜಲಪುರ ತಾಲೂಕಿನ ಗೊಬ್ಬೂರಿನಿಂದ ನನ್ನನ್ನು ಕೇಳಿಕೊಂಡು ಬಂದವರಿಗೆ, ಮಗಳ ಸಾಲಿ ಮುಗಿಯಲಿ ಎಂದು ಹೇಳಿ ಕಳಿಸಿದ್ದ. ಈಗ ಸಾಲಿಯೇ ಇಲ್ಲವೆಂದಮೇಲೆ ಹಬ್ಬದೊಳಗೆ ಅಕ್ಕಿಕಾಳು ಹಾಕಿ ಮದುವೆ ಮುಗಿಸಿಬಿಡೋಣ ಎಂದ. ಗೊಬ್ಬೂರಿನವರು ಒಳ್ಳೆಯ ಮಂದಿ. ಆ ಹುಡುಗನಿಗೆ ನಾನು ತಪ್ಪಿದ್ದರಿಂದ ಲಾಭವೇ ಆಗಿರಬೇಕು. ಆದರೆ ನನಗೆ ಓದಬೇಕಿತ್ತು. ಬೇರೆ ಯಾರಿಗೆ ಹೇಳಲಿ? ಕಾಕಾನ ಮುಂದೆ ಅತ್ತೆ.

ಅಪ್ಪ ಡಿಪೋಕ್ಕೆ ಹೋಗಿ ಕೈಮುಗಿದು ಬಂದಿದ್ದ, ಉಪಯೋಗವಾಗಿರಲಿಲ್ಲ. ಕಾಕಾ ಕೈಮುಗಿಯಲು ಹೋಗಲಿಲ್ಲ. ಮರುದಿನ ಮುಂಜಾನೆ ರಸ್ತೆಯಲ್ಲಿ ಕೂತು ಬಸ್ಸು ತಡೆಯುವುದೆಂದು ಊರಿನ ಮಂದಿಯನ್ನು ನಮ್ಮ ಕಟ್ಟೆಗೆ ಕರೆದ. ಕಲ್ಲಿಗೆ ಕೈಹಾಕಿದವನು ತನ್ನ ಪಲ್ಟನ್ನಿನವನಲ್ಲ ಎಂದು ಮೊದಲೇ ಹೇಳಿದ. ಆಮೇಲೆ ಅವ್ವ ಒಳಗಿದ್ದಾಳೆಂದು ನೋಡಿಕೊಂಡು ದನಿ ಇಳಿಸಿ, "ನಾ ಬಿದ್ರ ಯಾರು?" ಎಂದು ಕೇಳಿದ.

"ನಾನು," ಎಂದ ಪೈಲವಾನ ಈರಣ್ಣ. ಅವನ ತೊಡೆ ನಮ್ಮ ಮನೆಯ ಕಂಬದಷ್ಟಿತ್ತು.

"ಈರಣ್ಣ ಬಿದ್ರ?"

ಎಲ್ಲರೂ ನಕ್ಕರು. ಈರಣ್ಣ ಬೀಳುವುದೇ? ಅಷ್ಟರಲ್ಲಿ ಅವ್ವ ಚಹಾದ ತಾಟು ಹಿಡಿದು ಹೊರಬಂದವಳು ಮಾತು ಕೇಳಿಸಿಕೊಂಡುಬಿಟ್ಟಳು.

"ನಾ ಅದೇನಿ. ಮೊದ್ಲು ಚಾ ಕುಡೀರಿ, ಆರಾಕತ್ತಾವ," ಎಂದು ತಾಟು ಕುಕ್ಕಿ ಒಳಗೆ ಹೋದಳು. ಇನ್ನಷ್ಟು ನಕ್ಕರು. ಕಾಕಾ ಮಾತ್ರ ನಗಲಿಲ್ಲ. ಮೂರು ಎಂದು ಬೆರಳು ಮಡಚಿದ.

ಮುಂಜಾನೆ ಬಸ್ಸು ಬಂತು, ಹೆಂಗಸರೂ ಸೇರಿ ರಸ್ತೆಯ ಮೇಲೆ ಕೂತಿದ್ದ ನಮ್ಮನ್ನು ನೋಡಿ ನಿಂತಿತು. ಬಸ್ಸಿನೊಳಗಿನ ಮಂದಿ ಇಳಿದು ಬೇವಿನ ಮರದ ನೆರಳು ಹಿಡಿದರು. ಬಿಸಿಲೇರುವ ಹೊತ್ತಿಗೆ ಪೊಲೀಸ್ ಜೀಪು ಬಂತು. ಅದರಿಂದಿಳಿದ ಫೌಜುದಾರನಿಗೆ ತನ್ನ ಕೆಲಸ ಚೆನ್ನಾಗಿ ಗೊತ್ತಿತ್ತು. ಬಯ್ಯಲಿಲ್ಲ, ಲಾಠಿ ಎತ್ತಲಿಲ್ಲ. ನಿಮ್ಮ ಲೀಡರ್ ಯಾರು ಎಂದಷ್ಟೇ ಕೇಳಿದ. ಕಾಕಾ ಎದೆ ಉಬ್ಬಿಸಿ ಎದ್ದ. ತಾನು ಫೌಜು ನೋಡಿ ಬಂದವನು, ನೀವು ಫೌಜು ಇಲ್ಲದ ಫೌಜುದಾರರು ಎಂದು ಒಂದು ಮಾತನ್ನೂ ಒಗೆದ. ಫೌಜುದಾರ ನಕ್ಕು, ಬರ್ರಿ ಎಂದು ಕೈಹಿಡಿದು ಜೀಪಿನಲ್ಲಿ ಕೂರಿಸಿದ.

ಅಂಬಾರಿ ಖಾಲಿ. ಎಲ್ಲರೂ ಈರಣ್ಣನತ್ತ ನೋಡಿದರು. ಈರಣ್ಣ ಅದೇ ಗಳಿಗೆಗೆ ಎದ್ದ. ಯಾರದೋ ನೀರಿನ ಚರಿಗೆ ಇಸಕೊಂಡು ಜೋಳದ ಹೊಲದೊಳಗೆ ಇಳಿದವನು ಸಂಜೆಯವರೆಗೆ ಮೇಲೆ ಬರಲಿಲ್ಲ. ಒಬ್ಬರಿಗೆ ಎತ್ತಿನ ನೆನಪಾಯಿತು, ಇನ್ನೊಬ್ಬರಿಗೆ ಮನೆಯ ಕೀಲಿಯ ನೆನಪಾಯಿತು. ಕೂತವರ ಸಾಲು ಹೊಲಿಗೆ ಬಿಚ್ಚಿದ ಚೀಲದ ಹಾಗೆ ಸಡಿಲಾಗತೊಡಗಿತು. ಅಪ್ಪ ಮರದ ಕೆಳಗೆ ನಿಂತು ನನ್ನನ್ನೇ ನೋಡುತ್ತಿದ್ದ. ಆ ಕಣ್ಣಿನಲ್ಲಿ ನನಗೆ ಗೊಬ್ಬೂರು ಕಂಡಿತು.

ಆಗ ಅವ್ವ ಎದ್ದಳು. ಸೆರಗು ತಲೆಯ ಮೇಲೆ ಎಳೆದುಕೊಂಡು, ಕಾಕಾ ಕೂತಿದ್ದ ಜಾಗಕ್ಕೇ ಹೋಗಿ, ರೊಟ್ಟಿ ಬಡಿಯಲು ಕೂರುವವಳ ಹಾಗೆ ಕೂತಳು.

"ಯವ್ವಾ, ನಿಮ್ಮ ಲೀಡರ್ ಜೀಪಿನ್ಯಾಗ ಕುಂತಾನ," ಎಂದ ಫೌಜುದಾರ. "ನೀವ್ಯಾಕ ಬಿಸಲಾಗ ಸಾಯ್ತೀರಿ, ಮನೀಗೆ ನಡೀರಿ."

"ಆಂವ ಒಂದನೇದಾಂವ್ರಿ. ಎರಡನೇದಾಂವ ಹೊಲಕ್ಕ ಹೋಗ್ಯಾನ. ನಾ ಮೂರನೇದಾಕಿ. ಏನಿದ್ರೂ ನನ್ನ ಜೋಡಿ ಮಾತಾಡ್ರಿ."

ಅಷ್ಟು ಹೇಳಿ ಅವ್ವ ಹಿಂದೆ ತಿರುಗಿದಳು. ಯಾವ ಮಾತನ್ನು ಹೊಸ್ತಿಲೊಳಗೆ ಬಿಟ್ಟುಕೊಂಡಿರಲಿಲ್ಲವೋ ಅದನ್ನೇ ನಡುರಸ್ತೆಯಲ್ಲಿ ಕೇಳಿದಳು.

"ನಾ ಬಿದ್ರ ಯಾರು?"

ನನ್ನ ದನಿ ಗುಡುಗಿನಂತೆ ಬಂತೆಂದು ಬರೆಯಲು ಆಸೆಯಿದೆ. ಬಂದದ್ದು ಆಡಿನ ಮರಿಯ ದನಿ. ಆದರೂ ಬಂತು. "ನಾನು" ಅಂದೆ. ನನ್ನ ಹಿಂದಿದ್ದ ಗೆಳತಿ 'ನಾನು' ಅಂದಳು. ಅವಳ ಅಜ್ಜಿ ಅಂದಳು. ಎತ್ತಿನ ನೆನಪಾಗಿ ಎದ್ದಿದ್ದವನು ಮತ್ತೆ ಕೂತು 'ನಾನು' ಅಂದ. ಬಸ್ಸಿನಿಂದಿಳಿದಿದ್ದ ಒಬ್ಬ ಮುದುಕಿ, ನಮ್ಮೂರ ಹೆಸರೂ ಗೊತ್ತಿಲ್ಲದವಳು, ಗಂಟು ಬದಿಗಿಟ್ಟು 'ನಾನೂ ಅದೇನಿ' ಎಂದು ಸಾಲಿನಲ್ಲಿ ಸೇರಿಕೊಂಡಳು. ಕೊನೆಗೆ ಮರದ ಕೆಳಗಿನಿಂದ ಅಪ್ಪ ಬಂದ. ಯಾರ ಮುಖವನ್ನೂ ನೋಡದೆ ಸಾಲಿನ ತುದಿಯಲ್ಲಿ ಕೂತು, ಕೆಮ್ಮಿ, 'ನಾನು' ಅಂದ. ಗೊಬ್ಬೂರಿನ ಸಂಬಂಧ ಮುರಿದದ್ದು ಆ ಕೆಮ್ಮಿನಲ್ಲಿ.

ಫೌಜುದಾರ ತನ್ನ ಒಂದೇ ಜೀಪನ್ನು ನೋಡಿದ, ನಮ್ಮನ್ನು ನೋಡಿದ, ಟೊಪ್ಪಿಗೆ ತೆಗೆದು ತಲೆ ಕೆರೆದುಕೊಂಡ. ಊರಿಗೆ ಊರೇ ನಂಬರು ಹಚ್ಚಿಕೊಂಡು ಕೂತರೆ ಯಾರನ್ನೆಂದು ಒಯ್ಯುವುದು? ಆಳಂದಕ್ಕೆ ಸುದ್ದಿ ಹೋಯಿತು. ಡಿಪೋದ ಸಾಹೇಬರೊಬ್ಬರು ಬಂದು, ಬಸ್ಸಿನ ಮೆಟ್ಟಿಲ ಮೇಲೆ ನಿಂತು, ನಾಳೆಯಿಂದ ಇಲ್ಲಿ ಬಸ್ಸು ನಿಲ್ಲುತ್ತದೆ ಎಂದು ಎಲ್ಲರಿಗೂ ಕೇಳುವಂತೆ ಹೇಳಿದರು. ಕಾಕಾನನ್ನು ಮಾತ್ರ ಫೌಜುದಾರ ತನ್ನ ಮಾನ ಉಳಿಸಿಕೊಳ್ಳಲು ಆಳಂದದವರೆಗೆ ಒಯ್ದು ರಾತ್ರಿ ಅಲ್ಲೇ ಇಟ್ಟುಕೊಂಡ.

ಮರುದಿನ ನಾವು ಹುಡುಗಿಯರು ಅದೇ ಬಸ್ಸು ಹತ್ತಿ ಸಾಲಿಗೆ ಹೋದೆವು. ಸಂಜೆಯ ಬಸ್ಸಿಗೆ ನಮ್ಮ ಜೊತೆಯಲ್ಲೇ ಕಾಕಾನೂ ಬಂದಿಳಿದ. ಅವ್ವ ಬಾಗಿಲಲ್ಲಿದ್ದಳು. ಕಾಕಾ ಹಿಮ್ಮಡಿ ಕೂಡಿಸಿ ಅವಳಿಗೊಂದು ಸಲ್ಯೂಟು ಹೊಡೆದ.

"ಸಾಕು ಬಾ, ಕೈಕಾಲು ತೊಳ್ಕೊ," ಎಂದಳು ಅವ್ವ.

ಅಂದಿನಿಂದ ಕಾಕಾನ ಬೆಟ್ಟದ ಕಥೆ ಬದಲಾಗುವುದು ನಿಂತಿತು. ಎಷ್ಟು ಸಲ ಕೇಳಿದರೂ ತಾನು ಎರಡನೆಯವನೂ ಅಲ್ಲ, ಮೂರನೆಯವನೂ ಅಲ್ಲ, ಸಾಲಿನಲ್ಲಿದ್ದೆ ಎಂದಷ್ಟೇ ಹೇಳುತ್ತಿದ್ದ. ಅವನೂ ಹೋದ, ಅವ್ವನೂ ಹೋದಳು. ನಾನು ಓದಿ, ಕನ್ನಡದ ಟೀಚರಾಗಿ, ಜೇವರ್ಗಿಗೆ ಬಂದೆ.

ಆ ಸಂಜೆ ಸಾವಿತ್ರಿಗೆ ಇಷ್ಟನ್ನೂ ಹೇಳಿದೆ. ಶಿವಲೀಲಾಳ ಮೊರದಲ್ಲಿ ಬೇಳೆ ಹಾಗೇ ಉಳಿಯಿತು. ಹೇಳಿದ್ದರ ಪರಿಣಾಮ ಪರೀಕ್ಷೆಯಲ್ಲಿ ಕಾಣಿಸಿತು. ಸೈನ್ಯ ಏಕೆ ಸೋತಿತು ಎಂಬ ಪ್ರಶ್ನೆಗೆ ಹುಡುಗಿ, ಸೇನಾಪತಿ ಬಿದ್ದದ್ದಕ್ಕಲ್ಲ, ತಾನು ಬಿದ್ದರೆ ಯಾರೆಂದು ಅವನು ಮೊದಲೇ ಕೇಳದೆ ಇದ್ದದ್ದಕ್ಕೆ ಸೋತಿತು ಎಂದು ಬರೆದಿದ್ದಳು. ಇತಿಹಾಸದ ಮಾಸ್ತರರು ಕೆಂಪು ಶಾಯಿಯಲ್ಲಿ ಗುಂಡಗೆ ಸೊನ್ನೆ ಹಾಕಿದ್ದರು. ನಾನು ಮಾಸ್ತರರ ಜೋಡಿ ಮಾತಾಡಲೇ ಎಂದು ಕೇಳಿದೆ. ಬ್ಯಾಡ್ರಿ ಟೀಚರ್, ನಾನೇ ಕೇಳ್ತೇನಿ ಎಂದಳು.

ನಿನ್ನೆ ಮಧ್ಯಾಹ್ನ ನಾನು ಸ್ಟಾಫ್ ರೂಮಿನಲ್ಲಿ ಕೂತಿದ್ದೆ. ಎದುರಿನ ಕುರ್ಚಿಯಲ್ಲಿ ಇತಿಹಾಸದ ಮಾಸ್ತರರು ಚಹಾ ಕುಡಿಯುತ್ತಿದ್ದರು. ಬಾಗಿಲ ಪರದೆಯ ಕೆಳಗೆ ಬಹಳಷ್ಟು ಹುಡುಗಿಯರ ಪಾದಗಳು ಕಂಡವು. ಪರದೆಯ ಆಚೆ ಪಿಸುಮಾತಿನಲ್ಲಿ ಒಬ್ಬಳು ಏನೋ ಕೇಳಿದಳು. ಇನ್ನೊಬ್ಬಳು "ನಾನು" ಅಂದಳು. ಪರದೆ ಸರಿಸಿ ಸಾವಿತ್ರಿ ಒಳಗೆ ಬಂದಳು.